ಕ್ಯಾಸೆಟ್ ಕಾಕಾ ಮತ್ತು ನಾಲ್ಕು ಮಂದಿ ಸಿದ್ದಪ್ಪ

ಕಾಕಾರ ಎಡಗಿವಿ ಕಟ್ಟಿದ ಬೀಡಾದ ಹಾಗೆ ಮಡಿಚಿಕೊಂಡು ತಲೆಗೆ ಅಂಟಿತ್ತು. ಇಪ್ಪತ್ತು ವರ್ಷ ಅದೇ ಕಿವಿಗೆ ಹೆಡ್‌ಫೋನಿನ ಒಂದು ಬಟ್ಟಲನ್ನು ಹೆಗಲೆತ್ತಿ ಒತ್ತಿ ಹಿಡಿದದ್ದರ ಗುರುತು ಅದು. ಬಲಗಿವಿ ಮಾತ್ರ ಚೊಕ್ಕಾಗಿ ನೆಟ್ಟಗಿತ್ತು; ಅದರೊಳಗೆ ದಿನಾ ಹೊಸದಾಗಿ ಅತ್ತರಿನ ಹತ್ತಿ. ಎಡಗಿವಿ ಹಾಡಿಗೆ, ಬಲಗಿವಿ ಗಿರಾಕಿಗೆ ಎಂದು ಕೆಲಸ ಹಂಚಿಕೊಟ್ಟಿದ್ದರು. ಎರಡಕ್ಕೂ ಒಟ್ಟಿಗೆ ಕೆಲಸ ಬಂದರೆ ಕಣ್ಣು ಮುಚ್ಚಿಕೊಳ್ಳುತ್ತಿದ್ದರು. ಹೊಸ ಗಿರಾಕಿಗಳು ಇವರು ಕೂತಲ್ಲೇ ನಿದ್ದೆ ಹೋದರೆಂದು ತಿಳಿದು ಮೆಲ್ಲಗೆ ಮೆಟ್ಟಿಲಿಳಿದು ಹೋಗಿದ್ದೂ ಉಂಟು.

"ಮಡಚಿದ ಕಿವಿ ಯಾವ ಕಡೀದು ಲೇ, ಎಡಕ್ಕೋ ಬಲಕ್ಕೋ?" ಎಂದು ಶೋಭಾ ಒಂದು ರಾತ್ರಿ ಫೋನಿನಲ್ಲಿ ಕೇಳಿದಳು. ಶೋಭಾ ನನ್ನ ಶಾಲೆಯ ಗೆಳತಿ. ಈಗ ಧಾರವಾಡದಲ್ಲಿ ಚಿತ್ರಕಲೆ ಕಲಿಸುತ್ತಾಳೆ. ನಾವಿಬ್ಬರೂ ಹದಿನಾರನೆಯ ವಯಸ್ಸಿನಲ್ಲಿ ಕಾಕಾರ ಕ್ಯಾಸೆಟ್ ಅಂಗಡಿಯಲ್ಲಿ ಕೆಲಸ ಮಾಡಿದ ದಿನಗಳನ್ನು ಅವಳು ಚಿತ್ರಕಾದಂಬರಿ ಮಾಡಲು ಕೂತಿದ್ದಳು. ಪುಟದ ತುಂಬ ಚೌಕ, ಚೌಕದ ತುಂಬ ಚಿತ್ರ, ಮಾತೆಲ್ಲ ತಲೆಯ ಮೇಲೆ ಗುಳ್ಳೆಯಾಗಿ. ಅವಳಿಗೆ ಮುಖಗಳು ನೆನಪಿರುತ್ತವೆ, ಉಳಿದದ್ದೆಲ್ಲ ನನಗೆ. ಪರದೆಯ ಬಣ್ಣ ಯಾವುದು, ಸ್ಟೂಲಿನ ಯಾವ ಕಾಲು ಕುಂಟು, ಕಾಕಾ ಚಹಾವನ್ನು ಕಪ್ಪಿನಲ್ಲಿ ಕುಡಿಯುತ್ತಿದ್ದರೋ ಬಸಿಯಲ್ಲೋ, ಇವೆಲ್ಲ ನನ್ನ ಖಾತೆ. ನಾನು ರೊಟ್ಟಿ ಮುಗಿಸಿ, ಒಲೆ ಒರೆಸಿ ಕೂತ ಹೊತ್ತಿಗೆ ಅವಳ ಫೋನು ಬರುತ್ತಿತ್ತು. ವರ್ಷವಿಡೀ ಹೀಗೆ ಹೇಳುತ್ತ ಹೇಳುತ್ತ ಕಾಕಾ ನನಗೂ ಮತ್ತೆ ಹತ್ತಿರವಾದರು.

ಸಿದ್ಧೇಶ್ವರ ಗುಡಿಯಿಂದ ಎರಡು ಓಣಿ ದಾಟಿದರೆ ಅಂಗಡಿ. ಹಿಂದಿನ ಗೋಡೆಗೆ ಹಳೆಯ ರೆಕಾರ್ಡ್ ಪ್ಲೇಟುಗಳು, ಮುಂದಿನ ಕಪಾಟಿನಲ್ಲಿ ಕ್ಯಾಸೆಟ್ಟುಗಳು, ನಡುವೆ ಹಸಿರು ಪರದೆ. ಗಿರಾಕಿ ತನಗೆ ಬೇಕಾದ ಹಾಡುಗಳ ಪಟ್ಟಿ ಕೊಟ್ಟರೆ ಕಾಕಾ ಅವನ್ನು ಪ್ಲೇಟಿನಿಂದ ಖಾಲಿ ಕ್ಯಾಸೆಟ್ಟಿಗೆ ತುಂಬಿಕೊಡುತ್ತಿದ್ದರು. ಒಂದು ತಾಸಿನ ಕ್ಯಾಸೆಟ್ಟಿಗೆ ಒಂದು ತಾಸೇ ಹಿಡಿಯುತ್ತಿತ್ತು, ಒಂದು ನಿಮಿಷವೂ ಕಡಿಮೆಯಾಗುತ್ತಿರಲಿಲ್ಲ. ಡಬ್ಬಿಯ ಮೇಲೆ ಹಾಡಿನ ಹೆಸರು ಬರೆಯುವ ಕೆಲಸ ಅವರ ಹೆಂಡತಿ, ನಮ್ಮೆಲ್ಲರ ಕಾಕುವಿನದು. ಆ ಬೇಸಿಗೆಯಲ್ಲಿ ಕಾಕುಗೆ ಕಣ್ಣಿನ ಆಪರೇಶನ್ ಆಯಿತು. ನಾನು ಹತ್ತನೆಯ ಪರೀಕ್ಷೆ ಬರೆದು ಮನೆಯಲ್ಲಿ ಶೇಂಗಾ ಸುಲಿಯುತ್ತ ಕೂತಿದ್ದೆ. ನನ್ನ ಅಕ್ಷರ ದುಂಡಗಿದೆ ಎಂದು ಯಾರಿಂದಲೋ ಕೇಳಿ ಕಾಕಾ ನಮ್ಮ ಮನೆಗೇ ಬಂದು ಅವ್ವನನ್ನು ಕೇಳಿದರು. ಒಬ್ಬಳೇ ಹೋಗಲಾರೆ ಎಂದು ನಾನು ಹಟ ಹಿಡಿದೆ. ಹಾಗೆ ಶೋಭಾ ಜೊತೆಗೆ ಬಂದಳು.

ಹುಡುಗಿಯರು ಕ್ಯಾಸೆಟ್ ಅಂಗಡಿಯಲ್ಲಿ ಕೂಡುವುದನ್ನು ನಮ್ಮ ಓಣಿ ಅಲ್ಲಿಯವರೆಗೆ ಕಂಡಿರಲಿಲ್ಲ. ಮೊದಲ ವಾರ ಹಾಡಿಗಿಂತ ನಮ್ಮನ್ನು ನೋಡಲು ಬಂದವರೇ ಹೆಚ್ಚು. ಕಾಕಾ ಅಂಥವರ ಕೈಗೊಂದು ಕಾಗದ ಕೊಟ್ಟು, ಹನ್ನೆರಡು ಹಾಡಿನ ಹೆಸರು ಬರೆದುಕೊಟ್ಟು ಹೋಗಿರೆನ್ನುತ್ತಿದ್ದರು. ನಾಲ್ಕು ಹೆಸರಿಗೇ ಅವರ ಪೆನ್ನು ನಿಲ್ಲುತ್ತಿತ್ತು. ಎರಡನೆಯ ವಾರಕ್ಕೆ ಎಲ್ಲ ತಣ್ಣಗಾಯಿತು.

ಅಕ್ಷರ ಬರೆಯುವುದರ ಜೊತೆಗೆ ನಿಮಿಷ ಕೂಡಿಸುವ ಕೆಲಸವೂ ನನಗೆ ಬಂತು. ಕ್ಯಾಸೆಟ್ಟಿನ ಒಂದು ಮಗ್ಗುಲು ಮುಗಿಯುವಾಗ ಹಾಡು ನಡುವೆ ತುಂಡಾಗಬಾರದು, ಅದು ಕಾಕಾರ ಕಟ್ಟುನಿಟ್ಟು. "ಹಾಡು ಅರ್ಧಕ್ಕ ಕಡದ್ರ ಉಣ್ಣಾಕ ಕುಂತವರನ್ನ ಕೈ ಹಿಡದು ಎಬ್ಬಿಸಿದಂಗ ಬೇ," ಎನ್ನುತ್ತಿದ್ದರು. ಕೊನೆಗೆ ಎರಡು ಮೂರು ನಿಮಿಷ ಜಾಗ ಉಳಿದರೆ ತಮ್ಮ ಪ್ಲೇಟಿನಿಂದ ತುಸು ಶಹನಾಯಿಯೋ ಹಾರ್ಮೋನಿಯಮ್ಮೋ ಹಾಕಿ ತುಂಬುತ್ತಿದ್ದರು. ಕಾಯಿಪಲ್ಲೆ ಮಾರುವವಳು ಮೇಲೊಂದು ಹಿಡಿ ಕೊತ್ತಂಬರಿ ಹಾಕುವ ಹಾಗೆ ಅದು ಅವರ ಕೊಸರು. ಹಾಡಿಗಿಂತ ಆ ಕೊಸರೇ ಚೆನ್ನಾಗಿತ್ತೆಂದು ವಾಪಸ್ ಬಂದು ಹೇಳಿದವರಿದ್ದರು. ಅವತ್ತು ಕಾಕಾ ನಮಗೆ ಎರಡು ಸಲ ಚಹಾ ತರಿಸುತ್ತಿದ್ದರು.

ಶೋಭಾಳ ಅಕ್ಷರವೆಂದರೆ ಮಳೆಗೆ ಹೆದರಿ ಓಡುವ ಇರುವೆಗಳು. ಅದಕ್ಕೇ ಅವಳಿಗೆ ಗಿರಾಕಿಯ ಪಟ್ಟಿ ತೆಗೆದುಕೊಳ್ಳುವ, ತಯಾರಾದ ಕ್ಯಾಸೆಟ್ಟು ಕೊಡುವ ಕೆಲಸ. ತೊಡಕಾದದ್ದು ಅಲ್ಲೇ. ನಮ್ಮದು ಸಿದ್ಧೇಶ್ವರನ ಊರು, ಮನೆಗೊಬ್ಬ ಸಿದ್ದಪ್ಪ. ಒಂದೇ ದಿನ ನಾಲ್ಕು ಮಂದಿ ಸಿದ್ದಪ್ಪ ಪಟ್ಟಿ ಕೊಟ್ಟು ಹೋಗಿರುತ್ತಿದ್ದರು. ಅಡ್ಡಹೆಸರು ಕೇಳಿದರೆ ಇಬ್ಬರು ಮೆಣಸಿನಕಾಯಿ, ಇನ್ನಿಬ್ಬರು ಪಾಟೀಲ. ಒಬ್ಬ ಸಿದ್ದಪ್ಪನ ಭಜನೆ ಇನ್ನೊಬ್ಬ ಸಿದ್ದಪ್ಪನ ಮನೆಗೆ ಹೋಗಿ, ಅವನ ಪ್ರೇಮಗೀತೆಗಳು ಇವನ ಅಜ್ಜಿಯ ಕೈಗೆ ಬಂದು, ಒಂದು ವಾರ ನಾವು ಬೈಸಿಕೊಂಡೆವು. ಆಮೇಲೆ ಶೋಭಾ ಹೆಸರು ಬರೆಯುವುದನ್ನೇ ಬಿಟ್ಟಳು. ಗಿರಾಕಿ ಎದುರು ನಿಂತಿರುವಾಗಲೇ ಪಟ್ಟಿಯ ಚೀಟಿಯ ಮೂಲೆಯಲ್ಲಿ ಅವನ ಮುಖ ಬರೆದುಬಿಡುತ್ತಿದ್ದಳು. ಕೊಡುವಾಗ ಮುಖ ನೋಡಿ ಕೊಡುವುದು, ಚೀಟಿ ಹರಿದು ಬುಟ್ಟಿಗೆ ಹಾಕುವುದು. ಕಾಕಾ ಮೊದಲ ಸಲ ಅದನ್ನು ಕಂಡಾಗ ಚೀಟಿ ನೋಡಿದರು, ಗಿರಾಕಿಯನ್ನು ನೋಡಿದರು, ಮತ್ತೆ ಚೀಟಿ ನೋಡಿದರು. ಗಿರಾಕಿ ಮೆಟ್ಟಿಲು ಇಳಿದ ಮೇಲೆ, "ಮೂಗು ತುಸು ಸಣ್ಣದಾತು ಬೇ," ಎಂದರು. ಅಷ್ಟೇ.

ಶೋಭಾಳ ವಿಷಯ ಒಂದು ಹೇಳಬೇಕು. ಅವಳ ಊರು ಇಟ್ಟಂಗಿಹಾಳ. ಓದಲೆಂದು ಇಲ್ಲಿ ಚಿಗವ್ವನ ಮನೆಯಲ್ಲಿದ್ದಳು. ಮುಂದೆ ಕಾಲೇಜಿಗೆ ಹೋಗುವ ಆಸೆ ಅವಳಿಗೆ. ಅವಳ ಅಪ್ಪ ಹೂಂ ಅಂದಿರಲಿಲ್ಲ, ಊಹೂಂ ಅಂತಲೂ ಅಂದಿರಲಿಲ್ಲ. ಮಗಳ ಮೇಲೆ ಒಂದು ದೂರು ಬಂದರೂ ಅವತ್ತೇ ಬಂದು ಕರೆದುಕೊಂಡು ಹೋಗುವುದಾಗಿ ಚಿಗವ್ವನಿಗೆ ಹೇಳಿಟ್ಟಿದ್ದರು. ಇದು ಕಾಕಾರಿಗೂ ಗೊತ್ತಿತ್ತು.

ಬಬಲೇಶ್ವರದಲ್ಲಿ ಎಣ್ಣೆಯ ಗಾಣ ಇಟ್ಟಿದ್ದ ಸಾಹುಕಾರರೊಬ್ಬರು, ಅವರೂ ಸಿದ್ದಪ್ಪನೇ, ಬಸುರಿ ಮಗಳ ಕುಬಸದ ಶಾಸ್ತ್ರಕ್ಕೆಂದು ಒಂದು ಪಟ್ಟಿ ಕೊಟ್ಟಿದ್ದರು. ಶೋಭಾ ಅವರನ್ನು ಕುಂಬಳಕಾಯಿಗೆ ಕನ್ನಡಕ ಹಾಕಿದ ಹಾಗೆ ಬರೆದು, ಮೂಗಿನ ಮೇಲಿನ ನರೂಲಿಗೆ ಮೂರು ಕೂದಲು ಇಟ್ಟಿದ್ದಳು. ಇದ್ದದ್ದೂ ಹಾಗೆಯೇ. ಕ್ಯಾಸೆಟ್ಟು ಒಯ್ಯುವ ದಿನ ಅಂಗಡಿಯಲ್ಲಿ ಗದ್ದಲ. ಚೀಟಿ ಹರಿಯಲು ಮರೆತು ಡಬ್ಬಿಯೊಳಗೇ ಮಡಿಚಿ ಕೊಟ್ಟುಬಿಟ್ಟಳು.

ಮರುದಿನ ಮಧ್ಯಾಹ್ನ ಸಾಹುಕಾರರು ಬಂದರು. ಚೀಟಿಯನ್ನು ಕೌಂಟರಿನ ಮೇಲಿಟ್ಟು ಬೆರಳಿನಿಂದ ಒತ್ತಿ ಹಿಡಿದರು. "ಈ ಚಿತ್ರ ಯಾರ ತಗದಾರ?"

ಶೋಭಾ ಪರದೆಯ ಹಿಂದೆ ಪ್ಲೇಟು ಒರೆಸುತ್ತಿದ್ದಳು. ನಾನು ತಲೆ ತಗ್ಗಿಸಿ, ಕೂಡಿಸಿದ್ದ ನಿಮಿಷಗಳನ್ನೇ ಮತ್ತೆ ಕೂಡಿಸತೊಡಗಿದೆ.

"ನಾನ ತಗದೇನ್ರಿ," ಎಂದರು ಕಾಕಾ.

ನಾಳೆ ಆಗದ ಕೆಲಸವನ್ನು ನಾಳೆ ಕೊಡುತ್ತೇನೆಂದು ಬಾಯಿಮಾತಿಗೂ ಹೇಳದ ಮನುಷ್ಯ. ಅವರು ಸುಳ್ಳು ಹೇಳಿದ್ದನ್ನು ನಾನು ಕೇಳಿದ್ದು ಅದೊಂದೇ ಸಲ. ಸಾಹುಕಾರರು ತಿರುಗಿ, ಮೆಟ್ಟಿಲ ಕೆಳಗೆ ನಿಂತಿದ್ದ ಆಟೋ ಕಡೆ ಕೂಗಿದರು. "ಏ, ಇಳದ ಬಾ. ಕಾಕಾನ ತಗದಾರಂತ."

ಅವರ ಹೆಂಡತಿ ಸೆರಗು ಹೊದ್ದು ಇಳಿದು ಬಂದರು. ಆಮೇಲೆ ತಿಳಿದದ್ದು ಇಷ್ಟು: ಹಿಂದಿನ ದಿನ ಊಟದ ಹೊತ್ತಿಗೆ ಆ ಚೀಟಿ ಮನೆಯವರ ಕೈಗೆ ಸಿಕ್ಕು, ಬಸುರಿ ಮಗಳು ನಕ್ಕು ನಕ್ಕು ನೆತ್ತಿಗೆ ಹತ್ತಿಸಿಕೊಂಡಿದ್ದಳು. "ಎಲ್ಲಾರೂ ನನ್ನ ಮಾರಿ ನೋಡಿ ನಗಾಕತ್ತಾರ," ಎಂದರು ಸಾಹುಕಾರರು. "ನಾ ಒಬ್ಬನ ಯಾಕ ನಗಿಸ್ಕೋಬೇಕು? ಈಕೀದೂ ಒಂದ ತಗೀರಿ."

ಕಾಕಾ ಬೈಗುಳಕ್ಕೆ ತಯಾರಾಗಿದ್ದರು, ಇದಕ್ಕಲ್ಲ. ಪೆನ್ನು ತೆಗೆದುಕೊಂಡರು. ಆ ಅಮ್ಮನನ್ನು ಬಹಳ ಹೊತ್ತು ನೋಡಿದರು. ಬರೆದರು, ಹೊಡೆದುಹಾಕಿದರು, ಮತ್ತೆ ಬರೆದರು. ಆ ಅಮ್ಮ ಚೀಟಿಯನ್ನು ದೂರ ಹಿಡಿದು, ಹತ್ತಿರ ಹಿಡಿದು ನೋಡಿ, "ನಮ್ಮನ್ಯಾಗ ಇಂಥಾದೊಂದು ಎಮ್ಮಿ ಐತ್ರಿ," ಎಂದರು. "ಅದು ಇದಕ್ಕಿಂತ ಛಂದ ಐತಿ."

ಸಾಹುಕಾರರು ಎರಡೂ ಚೀಟಿ ಜೋಡಿಸಿ ಇಟ್ಟರು. "ಕಾಕಾ, ಖರೇ ಹೇಳ್ರಿ."

ಕಾಕಾ ಪೆನ್ನಿನ ಮುಚ್ಚಳ ಹಾಕಿದರು. ಅಷ್ಟರಲ್ಲಿ ಪರದೆ ಸರಿಯಿತು. ಕೈಯಲ್ಲಿ ಒರೆಸುವ ಬಟ್ಟೆ ಹಿಡಿದೇ ಶೋಭಾ ಹೊರಗೆ ಬಂದು, "ನಾ ತಗದೇನ್ರಿ. ಕಾಕಾ ಅಲ್ಲ," ಎಂದಳು.

ಸಾಹುಕಾರರು ಕನ್ನಡಕ ಮೇಲೇರಿಸಿ ನೋಡಿದರು. "ನೀ ಇಟ್ಟಂಗಿಹಾಳದಾಕಿ ಅಲ್ಲೇನ? ನಿಮ್ಮಪ್ಪ ನಮ್ಮ ಗಾಣಕ್ಕ ಕುಸುಬಿ ತರತಾನ. ಸೋಮವಾರ ಬರಾಂವ ಅದಾನ. ಹೇಳತೇನಿ."

ಮೆಚ್ಚಿ ಹೇಳುತ್ತಾರೋ ದೂರು ಹೇಳುತ್ತಾರೋ ಆ ದನಿಯಿಂದ ತಿಳಿಯಲಿಲ್ಲ. ಶೋಭಾಳ ಮುಖ ಸುಣ್ಣವಾಯಿತು. ಆಗ ಕಾಕಾ, "ಹೇಳ್ರಿ ಸಾವ್ಕಾರ್ರ. ಆದ್ರ ಬಾಯಿಲೆ ಅಷ್ಟ ಹೇಳಬ್ಯಾಡ್ರಿ, ಚಿತ್ರಾನೂ ತೋರಸ್ರಿ," ಎಂದು ಖಾಲಿ ಚೀಟಿಯನ್ನು ಶೋಭಾಳ ಕಡೆ ಸರಿಸಿದರು. ಎರಡು ನಿಮಿಷದಲ್ಲಿ ಆ ಅಮ್ಮ ಮೂಗುತಿ ಸಮೇತ ಕಾಗದದ ಮೇಲೆ ಬಂದರು. ಅವರು ಚೀಟಿಯನ್ನು ಕುಪ್ಪಸದೊಳಗೆ ಇಟ್ಟುಕೊಂಡು ಹೋದರು.

ಮಂಗಳವಾರ ಶೋಭಾಳ ಅಪ್ಪ ಬಂದೇ ಬಿಟ್ಟರು. ಕಾಕಾ ಅವರನ್ನು ಒಳಗೆ ಕರೆದು ತಮ್ಮ ಕುರ್ಚಿಯಲ್ಲೇ ಕೂಡಿಸಿ, ತಾವು ಕುಂಟು ಸ್ಟೂಲಿನ ಮೇಲೆ ಕೂತರು. ಚಹಾ ಬಂತು. ಸಮಜಾಯಿಷಿ ಏನೂ ಹೇಳದೆ, ನಿಮ್ಮ ಕೆಲಸ ನೀವು ಮಾಡಿರೆಂದು ನಮಗೆ ಕಣ್ಸನ್ನೆ ಮಾಡಿದರು. ಶೋಭಾ ಬಂದವರ ಮುಖ ಬರೆದಳು, ಮುಖ ನೋಡಿ ಕ್ಯಾಸೆಟ್ಟು ಕೊಟ್ಟಳು. ಒಂದು ತಾಸಿನಲ್ಲಿ ಇಬ್ಬರು ಸಿದ್ದಪ್ಪ ಬಂದು ಹೋದರು. ಇಬ್ಬರಿಗೂ ಅವರವರದೇ ಸಿಕ್ಕಿತು. ಅವಳ ಅಪ್ಪ ಎದ್ದು ಬಂದು, ಇನ್ನೂ ಯಾರೂ ಒಯ್ಯದ ಒಂದು ಕ್ಯಾಸೆಟ್ಟಿನ ಚೀಟಿ ಎತ್ತಿಕೊಂಡರು. ಬಾಯಿ ತೆರೆದು ನಿಂತ ಒಂದು ಮುಖ.

"ಇಂವ ತಿಕೋಟಾದ ಸಿದ್ದ ಅಲ್ಲೇನು?" ಎಂದರು. ತಮ್ಮ ಮಾತಿಗೆ ತಾವೇ ನಗು ತಡೆಯಲಾರದೆ, "ಮದುವಿ ಪಂಗತ್ಯಾಗೂ ಹಿಂಗ ಬಾಯಿ ತಗದ ನಿಂದರತಾನ ಮಗ," ಎಂದರು.

ಕಾಕಾ ಇದಕ್ಕೇ ಕಾದಿದ್ದರು. "ಇಪ್ಪತ್ತು ವರ್ಷ ನಾ ಹೆಸರು ಬರದು ತಪ್ಪು ಮಾಡಕೋತ ಬಂದೇನ್ರಿ. ನಿಮ್ಮ ಮಗಳು ಮಾರಿ ಬರದಾಗಿಂದ ಯಾರ ಹಾಡೂ ಯಾರಿಗೂ ಹೋಗಿಲ್ಲ. ಇಂಥಾ ಕಣ್ಣನ್ನ ಮನ್ಯಾಗ ಇಟ್ಕೊಂಡು ಏನ ಮಾಡವ್ರು? ಓದಾಕ ಬಿಡ್ರಿ."

ಅವಳ ಅಪ್ಪ ಬಸಿಯಲ್ಲಿ ಉಳಿದ ಚಹಾ ಕುಡಿದರು, ಟೋಪಿ ಸರಿಮಾಡಿಕೊಂಡರು. ಆಮೇಲೆ ಕಪಾಟಿನ ಕಡೆ ನೋಡುತ್ತ, "ದಿನಾ ಕತ್ತಲಾಗೂದ್ರೊಳಗ ಚಿಗವ್ವನ ಮನಿ ಮುಟ್ಟಬೇಕು," ಎಂದರು. ಅವರು ಮೆಟ್ಟಿಲಿಳಿದು ತಿರುವು ದಾಟುವವರೆಗೆ ನಾವು ಉಸಿರು ಬಿಡಲಿಲ್ಲ.

ಶೋಭಾ ಕಾಲೇಜು ಸೇರಿದಳು, ಮುಂದೆ ಚಿತ್ರಕಲೆಯನ್ನೇ ಹಿಡಿದಳು. ನನ್ನ ದುಂಡಗಿನ ಅಕ್ಷರ ನನ್ನನ್ನು ಒಂದು ಕಚೇರಿಯ ಗುಮಾಸ್ತೆ ಮಾಡಿತು. ಕಾಕಾರಿಗೆ ಚಿತ್ರ ಬರುವುದಿಲ್ಲ ಎಂಬುದು ನಮ್ಮಿಬ್ಬರ ಕಾಯಂ ನಗೆಯಾಯಿತು. ಅವರೂ ನಗುತ್ತಿದ್ದರು. ಕ್ಯಾಸೆಟ್ಟು ಕೇಳುವವರು ಇಲ್ಲದಾದಾಗ ಅಂಗಡಿ ಮುಚ್ಚಿ ಇಬ್ರಾಹಿಂಪುರದ ಮಗಳ ಮನೆಗೆ ಹೋದರು. ರೈಲು ಹಳಿ ಅಲ್ಲಿಂದ ಹತ್ತಿರ. ನಾನು ಹೋದಾಗಲೆಲ್ಲ ಶಬ್ದ ಕೇಳಿಯೇ ಇದು ಸೊಲ್ಲಾಪುರದ್ದು, ಇದು ಗದಗಿನದ್ದು ಎಂದು ಹೇಳಿ, ನಾನು ಮೆಚ್ಚುವವರೆಗೆ ಕಾಯುತ್ತಿದ್ದರು. ಮೂರು ವರ್ಷದ ಹಿಂದೆ, ಶ್ರಾವಣದ ಒಂದು ಬೆಳಗಿನಲ್ಲಿ, ಚಹಾ ಕುಡಿದು ಒರಗಿಕೊಂಡವರು ಏಳಲಿಲ್ಲ. ಮಣ್ಣಿಗೆ ಬಂದಿದ್ದ ಶೋಭಾ ವಾಪಸ್ ಹೋಗುವಾಗ, ಇದನ್ನೆಲ್ಲ ಬರೆಯುತ್ತೇನೆ ಎಂದಳು. ಅವಳು ಬರೆಯುವುದೆಂದರೆ ಚಿತ್ರವೇ.

ಪುಸ್ತಕ ಮುಗಿಯುತ್ತ ಬಂದಾಗ ಅವಳು ಒಂದು ಪ್ರಶ್ನೆ ಕೇಳಿದಳು. "ನಾನ ತಗದೇನ್ರಿ" ಅನ್ನುವಾಗ ಕಾಕಾರ ಮುಖ ಹೇಗಿತ್ತು? ಅವಳು ಪರದೆಯ ಹಿಂದಿದ್ದಳು. ನಾನು ತಲೆ ತಗ್ಗಿಸಿದ್ದೆ. ಸಾಹುಕಾರರು ಈಗಿಲ್ಲ. ಒಂದು ಭಾನುವಾರ ಬಸ್ಸು ಹತ್ತಿ ಬಬಲೇಶ್ವರಕ್ಕೆ ಹೋದೆ. ಅವರ ಹೆಂಡತಿ ಅಂಗಳದಲ್ಲಿ ಮೆಣಸಿನಕಾಯಿ ಒಣಹಾಕಿ ಕೂತಿದ್ದರು. ನನ್ನ ಗುರುತು ಹತ್ತಲು ತಡವಾಯಿತು, ಕಾಕಾ ಎಂದೊಡನೆ ಮುಖ ಅರಳಿತು. ಕಾಕಾ ಸುಳ್ಳು ಹೇಳಿದಾಗ ತಾವಿನ್ನೂ ಆಟೋದಲ್ಲಿದ್ದರಂತೆ, ಆ ಮುಖ ಅವರೂ ಕಂಡಿರಲಿಲ್ಲ.

"ಕೈ ನೋಡೇನಿ ತಂಗಿ," ಎಂದರು. "ನನ್ನ ಚಿತ್ರ ತಗಿಯೂ ಮುಂದ ಅವರ ಕೈ ತಟತಟ ನಡಗಾಕತ್ತಿತ್ತು. ಪೆನ್ನ ಹಿಡಿಯಾಕ ಬರವಲ್ದಾಗಿತ್ತು. ಪಾಪ, ಎಷ್ಟ ಅಂಜಿದ್ರೋ ಏನೋ. ಅಂಥಾ ಕೈಲೆ ತಗದ್ರ ಎಮ್ಮಿ ಆಗಲಾರದ ಏನ ಆಗತೈತಿ?"

ಅಲ್ಲಿಂದಲೇ ಶೋಭಾಳಿಗೆ ಫೋನು ಮಾಡಿ ಹೇಳಿದೆ. ಪೆನ್ನು ಹಿಡಿದ ಕೈ ಎಡದ್ದೋ ಬಲದ್ದೋ ಎಂದಷ್ಟೇ ಅವಳು ಕೇಳಿದಳು. ಈಗ ಪುಸ್ತಕ ನನ್ನ ಮನೆಯಲ್ಲಿದೆ. ಒಂದು ಇಡೀ ಪುಟದಲ್ಲಿ ಚೌಕಗಳಿಲ್ಲ, ಮಾತಿನ ಗುಳ್ಳೆಯಿಲ್ಲ. ಕೌಂಟರಿನ ಮೇಲೆ ಪೆನ್ನು ಹಿಡಿದ ಕಾಕಾರ ಕೈ, ಅದರ ಸುತ್ತ ಸಣ್ಣ ಸಣ್ಣ ನಡುಕದ ಗೆರೆ. ಚಿತ್ರ ಬರುವುದಿಲ್ಲವೆಂದು ನಾವು ಇಷ್ಟು ವರ್ಷ ನಕ್ಕದ್ದು ಆ ಕೈಗೆ.