ಗಹಾಣದ ಅಂಗಳ

ಆಳಂದದಲ್ಲಿ ನಮ್ಮ ಮನೆಯ ಗೃಹಪ್ರವೇಶವಾದ ವರ್ಷ ನಾನು ಜೇವರ್ಗಿಯಿಂದ ಒಂದು ಬೇವಿನ ಸಸಿ ತಂದಿದ್ದೆ. ಆಗ ನಾನು ಜೇವರ್ಗಿಯ ಪ್ರೌಢಶಾಲೆಯಲ್ಲಿ ಸಮಾಜ ವಿಜ್ಞಾನದ ಮಾಸ್ತರ. ವಾರವಿಡೀ ಅಲ್ಲಿಯ ಬಾಡಿಗೆ ಕೋಣೆಯಲ್ಲಿದ್ದು ಶನಿವಾರ ಮನೆ ಸೇರುತ್ತಿದ್ದೆ. ಹೆಂಡತಿ ನರೋಣಾದ ಪ್ರಾಥಮಿಕ ಶಾಲೆಯಲ್ಲಿ ಟೀಚರು, ದಿನಾ ಬಸ್ಸಿಗೆ ಹೋಗಿ ಬರುವವಳು. ಅವಳ ಪಗಾರ ಮನೆಯ ಖರ್ಚಿಗೆ, ಮಕ್ಕಳ ಓದಿಗೆ. ನನ್ನದು ಮನೆ ಸಾಲದ ಕಂತಿಗೆ ಮತ್ತು ಕೋಣೆಯ ಬಾಡಿಗೆಗೆ. ಸ್ವಂತ ಮನೆಗೂ ದುಡ್ಡು, ಪರರ ಮನೆಗೂ ದುಡ್ಡು ಕೊಟ್ಟು ಎರಡರಲ್ಲೂ ನೆಟ್ಟಗೆ ನಿದ್ದೆ ಮಾಡದ ಮನುಷ್ಯ ನಾನೊಬ್ಬನೇ ಇರಬೇಕು.

ಆ ಸಸಿಯನ್ನು ಬಸ್ಸಿನಲ್ಲಿ ತೊಡೆಯ ಮೇಲಿಟ್ಟುಕೊಂಡು, ನಿಂತವರ ಮೊಣಕೈ ತಾಗದಂತೆ ಕಾಪಾಡಿಕೊಂಡು ತಂದಿದ್ದೆ. ಅವಳು ಅದನ್ನು ತಿರುಗಿಸಿ ನೋಡಿ, "ಛಲೋ ಅದ" ಎಂದಳು. ಚಹಾ ಕೊಟ್ಟಳು. ನಾನು ಚಹಾ ಕುಡಿದು ಹೊರಗೆ ಬರುವಷ್ಟರಲ್ಲಿ ಸಸಿ ಎದುರು ಮನೆಯವರ ಪಾಲಾಗಿತ್ತು. ಅವರ ಗೇಟಿನ ಪಕ್ಕದಲ್ಲಿ ಅದಕ್ಕೆ ಗುಣಿ ತೋಡುತ್ತಿದ್ದರು, ಇವಳು ನಿಂತು ಸಲಹೆ ಬೇರೆ ಕೊಡುತ್ತಿದ್ದಳು.

ನನಗೆ ಸಿಟ್ಟು ಬಂತು. ನನಗೆ ಸಿಟ್ಟು ಬರಲು ಅಂಥ ದೊಡ್ಡ ಕಾರಣವೇನೂ ಬೇಕಾಗುವುದಿಲ್ಲ, ಆದರೆ ಅವತ್ತು ಕಾರಣವಿತ್ತು. "ಯಾಕ, ನಮ್ಮ ಅಂಗಳದಾಗ ಏನ್ ದೆವ್ವ ಅದಾವೇನು?" ಎಂದೆ. "ಇರ್ಲಿ ಬಿಡ್ರಿ, ಆಮ್ಯಾಲ ಹಚ್ಚೋಣು" ಎಂದಳು. ಆ ಆಮೇಲೆ ಬರಲೇ ಇಲ್ಲ. ವರ್ಷ ವರ್ಷ ನಮ್ಮ ಅಂಗಳ ಬಿಸಿಲಿಗೆ ಕಾಯ್ದು ಹೆಂಚಾಯಿತು. ಆಕೆ ಅಲ್ಲಿ ಒಂದು ತುಳಸಿಯನ್ನೂ ನೆಲಕ್ಕಿಳಿಸಲಿಲ್ಲ, ಡಬ್ಬಿಯಲ್ಲಿಟ್ಟಳು. ಹೊಲದವರ ಮಗಳು, ಹಸಿರು ನೋಡಿ ನೋಡಿ ಸಾಕಾಗಿರಬೇಕು ಎಂದು ನಾನು ಬಂದವರ ಮುಂದೆ ಚೇಷ್ಟೆ ಮಾಡುತ್ತಿದ್ದೆ. ಅವಳೂ ನಗುತ್ತಿದ್ದಳು.

ಅವಳ ತವರು ಅಫಜಲಪುರ ತಾಲೂಕಿನ ಅತನೂರ. ಮದುವೆಯಲ್ಲಿ ಅವಳಪ್ಪ ಅರಿಷಿಣ ಕುಂಕುಮಕ್ಕೆಂದು ಅವಳ ಹೆಸರಿಗೆ ಮೂರೆಕರೆ ಹೊಲ ಬರೆದುಕೊಟ್ಟಿದ್ದರು. ಅವಳ ಅಣ್ಣನೇ ಅದನ್ನು ಲಾವಣಿಗೆ ಮಾಡುತ್ತಿದ್ದ. ಅಂದರೆ ಬೆಳೆದ ಪೀಕು ಅವನದು, ಪ್ರತಿ ಉಗಾದಿಗೆ ಇಷ್ಟು ಎಂದು ಹಣ ತಂಗಿಗೆ. ಆ ಹಣ ಮಾತ್ರ ಪೂರ್ತಿ ಅವಳದು. ಅದರಲ್ಲಿ ಅವಳು ಒಂದು ಇಳಕಲ್ಲ ಸೀರೆ ಕೊಳ್ಳುತ್ತಿದ್ದಳು, ಎಳ್ಳಮಾಸಿ ಹಬ್ಬದ ದಿನ ಹೊಲಕ್ಕೆ ಹೋಗಿ, ಬಂದವರಿಗೆಲ್ಲ ಹೊಟ್ಟೆ ತುಂಬ ಉಣಿಸುತ್ತಿದ್ದಳು, ಉಳಿದದ್ದನ್ನು ನನಗೆ ಹೇಳದೆ ಇಡುತ್ತಿದ್ದಳು. ನಾನೂ ಕೇಳುತ್ತಿರಲಿಲ್ಲ.

ಸಾಲದ ವಿಷಯದಲ್ಲಿ ಅವಳು ಬೆಳೆದದ್ದು ಗಹಾಣದ ಲೆಕ್ಕದಲ್ಲಿ. ಆ ಕಡೆ ದೊಡ್ಡ ಮೊತ್ತ ಬೇಕಾದಾಗ ಹೊಲವನ್ನು ಗಹಾಣ ಇಡುತ್ತಾರೆ. ಹಣ ಕೊಟ್ಟವನು ಬಡ್ಡಿ ಕೇಳುವುದಿಲ್ಲ, ಹೊಲ ಹಿಡಿದುಕೊಂಡು ಪೀಕು ಉಣ್ಣುತ್ತಾನೆ. ಎಷ್ಟು ವರ್ಷ ಉಂಡರೂ ಅಸಲು ಒಂದು ಪೈಸೆ ಕಡಿಮೆಯಾಗುವುದಿಲ್ಲ. ಮಾತಾದ ಉಗಾದಿಗೆ ಪೂರ್ತಿ ಅಸಲು ಮುಂದಿಟ್ಟರೆ ಹೊಲ ಬಿಡುತ್ತದೆ, ಇಲ್ಲದಿದ್ದರೆ ಇಲ್ಲ. ಅದರಲ್ಲಿ ಮೋಸವಿಲ್ಲ, ಮರೆವೂ ಇಲ್ಲ. ಯಾರು ಉಣ್ಣುತ್ತಿದ್ದಾರೆ ಎಂಬುದು ಬದುವಿನ ಮೇಲೆ ನಿಂತರೆ ಕಾಣುತ್ತದೆ.

ನನ್ನ ಲೆಕ್ಕ ಬೇರೆ. ಕಂತು ಪಗಾರದಿಂದ ತಾನೇ ಕಡಿತವಾಗುತ್ತಿತ್ತು, ನಾನು ಅದರ ಮುಖ ನೋಡುತ್ತಿರಲಿಲ್ಲ. ಇಪ್ಪತ್ತು ವರ್ಷದ ಸಾಲ, ನಿವೃತ್ತಿಗೂ ಸಾಲಕ್ಕೂ ಒಂದೇ ಕೊನೆ ಎಂದು ಕೂಡಿಸಿ ಸಹಿ ಮಾಡಿದ್ದೆ. ನಡುವೆ ಒಂದೆರಡು ವರ್ಷ ಬಡ್ಡಿ ಏರಿತು ಎಂದು ಎಲ್ಲರೂ ಬಾಯಿ ಬಡಿದುಕೊಂಡರು. ನನ್ನ ಕಂತು ಒಂದು ರೂಪಾಯಿ ಏರಲಿಲ್ಲ. ಸ್ಟಾಫ್ ರೂಮಿನಲ್ಲಿ ನಾನು ಎದೆಯುಬ್ಬಿಸಿ, "ನಮ್ಮ ಬ್ಯಾಂಕ್ ಮಂದಿ ಛಲೋ ಅದಾರಪಾ" ಎಂದದ್ದು ನನಗೆ ಚೆನ್ನಾಗಿ ನೆನಪಿದೆ.

ತೆರಿಗೆಗೆ ತೋರಿಸಲು ಪ್ರತಿ ವರ್ಷ ಬ್ಯಾಂಕಿನಿಂದ ಬಡ್ಡಿಯ ಚೀಟಿ ತರಬೇಕು. ಒಂದು ವರ್ಷ ಆ ಕೆಲಸಕ್ಕೆ ಹೊರಟಾಗ ಅವಳೂ ಜೊತೆಗೆ ಬಂದಳು, ಮುಂದೆ ಬಜಾರಿನಲ್ಲಿ ಏನೋ ಕೊಳ್ಳುವುದಿತ್ತು. ಚೀಟಿ ಕೈಗೆ ಬಂತು, ನಾನು ಎದ್ದೆ. ಅವಳು ಏಳಲಿಲ್ಲ. ಎದುರಿಗಿದ್ದ ಅಧಿಕಾರಿಯನ್ನು ಕೇಳಿದಳು:

"ಸಾಹೇಬ್ರ, ನಮ್ಮ ಮನಿ ಯಾವ ಉಗಾದಿಗಿ ಬಿಡ್ತದ್ರಿ?"

ನನಗೆ ನಾಚಿಕೆಯಾಯಿತು. ಬ್ಯಾಂಕಿನಲ್ಲಿ ಉಗಾದಿ ಕೇಳುವವರುಂಟೇ? ಆದರೆ ಆ ಅಧಿಕಾರಿ ನಮ್ಮ ಕಡೆಯವನೇ. ನಗದೆ ಕಂಪ್ಯೂಟರಿನಲ್ಲಿ ನೋಡಿ ಒಂದು ಇಸವಿ ಹೇಳಿದ. ನಾನು ಎದ್ದವನು ಕೂತೆ. ಅದು ನನ್ನ ನಿವೃತ್ತಿಯಾಗಿ ಐದು ವರ್ಷದ ಮೇಲಿನ ಇಸವಿ.

"ಬಡ್ಡಿ ಏರ್ಯಾದಲ್ರಿ ಅಕ್ಕೋರ. ಕಂತು ಹಂಗೇ ಇಟ್ಟೇವಿ, ವರ್ಷ ಮುಂದ ಹೋಗ್ಯಾವ. ಸರ್ ಫೋನಿಗಿ ಮೆಸೇಜ್ ಹಾಕಿದ್ವಿ" ಎಂದ.

ಮೆಸೇಜು ಬಂದಿತ್ತು, ಖರೆ. ಕಂತಿನ ಮೊತ್ತ ಅದೇ ಇದೆಯೆಂದು ನೋಡಿ ಖುಷಿಪಟ್ಟು ಮುಂದಿನದನ್ನು ಓದದೆ ಬಿಟ್ಟಿದ್ದೆ. ಕಂತು ಏರದೆ ವರ್ಷ ಏರಿದರೆ ಆದದ್ದೇನು? ಅಳಿಯ ಅಲ್ಲ, ಮಗಳ ಗಂಡ.

ಅವಳು ಇನ್ನೊಂದು ಮಾತು ಕೇಳಿದಳು. "ಇಲ್ಲೀತನಾ ಕಟ್ಟಿದ್ದರಾಗ ಅಸಲಿಗಿ ಎಷ್ಟು ಮುಟ್ಯಾದ್ರಿ?" ಅವನು ಒಂದು ಮೊತ್ತ ಹೇಳಿದ. ಅಷ್ಟು ವರ್ಷದ ಪಗಾರದಲ್ಲಿ ಹೋದ ಹಣದ ಬಹುಪಾಲು ಬಡ್ಡಿಗೇ ಹೋಗಿತ್ತು. ಮೊದಲ ವರ್ಷಗಳಲ್ಲಿ ಹಾಗೇ ಇರುತ್ತದೆ ಎಂದು ಅವನು ಸಮಾಧಾನದಿಂದ ವಿವರಿಸಿದ. ನಾನು ಅವನ ಮೇಲೆ ರೇಗಲು ತಯಾರಾಗಿದ್ದೆ, ಅವಳು ನನ್ನ ತೋಳು ಹಿಡಿದು ಹೊರಗೆ ಕರೆತಂದಳು.

"ಅವರ ತಪ್ಪೇನದ? ನಿಮ್ಮ ಪಗಾರ ಅಂಬೋದೊಂದು ಹೊಲ. ಅದನ್ನ ನಾವ ಗಹಾಣ ಇಟ್ಟೇವಿ. ಪೀಕು ಅವರು ಉಣ್ಣಾಕತ್ತಾರ. ನಾವು ಬದುವಿಗಿ ಹೋಗಿ ನೋಡ್ಲಿಲ್ಲ, ಅಷ್ಟ."

ಅವತ್ತು ಸಂಜೆ ಅವಳು ರೊಟ್ಟಿ ಬಡಿಯುತ್ತಿದ್ದಾಗ ನಾನು ನನ್ನ ಮಹಾ ಉಪಾಯ ಮುಂದಿಟ್ಟೆ: ಅತನೂರ ಹೊಲ ಮಾರಿಬಿಡೋಣ. ಸೊನ್ನದಲ್ಲಿ ಭೀಮೆಗೆ ಬ್ಯಾರೇಜಾಗಿ ನೀರು ಬಂದ ಮೇಲೆ ಆ ಕಡೆಯ ಹೊಲಗಳಿಗೆ ಬೆಲೆ ಬಂದಿದೆ, ಸಾಲ ಒಂದೇ ಏಟಿಗೆ ತೀರುತ್ತದೆ. ಅವಳ ಕೈ ನಿಲ್ಲಲಿಲ್ಲ. ರೊಟ್ಟಿಯನ್ನು ಹಂಚಿಗೆ ಹಾಕಿ, ಮೇಲೆ ನೀರು ಸವರಿ, ಆಮೇಲೆ ಹೇಳಿದಳು.

"ಮಾರ್ರಿ. ಆದ್ರ ಆ ಮ್ಯಾಲ ಈ ಮನಿ ಎಷ್ಟಕ್ಕ ಬಿತ್ತು ಅಂತ ಯಾರರೆ ಕೇಳಿದ್ರ ನಮ್ಮಪ್ಪನ ಹೊಲಾನೂ ಕೂಡಿಸಿ ಹೇಳ್ಬೇಕು."

ಅದಾದ ಮೇಲೆ ನಾನು ಮಾರುವ ಮಾತೆತ್ತಲಿಲ್ಲ.

ಸುದ್ದಿ ಕೇಳಿ ಅವಳ ಅಣ್ಣ ಅತನೂರಿನಿಂದ ಬಂದ. ಒಳ್ಳೆಯ ಮನುಷ್ಯ. ತಂಗಿಯ ಹೊಲ ಗಹಾಣ ಇಡಿಸಿ ಹಣ ಕೊಡಿಸುತ್ತೇನೆ, ಬ್ಯಾಂಕಿನ ಕಾಟ ತಪ್ಪುತ್ತದೆ, ನಮ್ಮ ಮಂದಿಯ ಹತ್ತಿರ ಬಡ್ಡಿಯೇ ಇರುವುದಿಲ್ಲ ಎಂದ. ಬಡ್ಡಿ ಇಲ್ಲ ಎಂದ ಕೂಡಲೇ ನನ್ನ ಕಿವಿ ನೆಟ್ಟಗಾದವು. ಅವಳು ಅಣ್ಣನಿಗೆ ಇನ್ನೊಂದು ರೊಟ್ಟಿ ನೀಡುತ್ತ ಕೇಳಿದಳು:

"ಅಣ್ಣಾ, ಬ್ಯಾಂಕ್ ಈ ವರ್ಷ ಅಷ್ಟು ರೊಕ್ಕಕ್ಕ ತಿನ್ನೋ ಬಡ್ಡಿ ಹೆಚ್ಚೋ, ಗಹಾಣದವ ಉಣ್ಣೋ ನನ್ನ ಹೊಲದ ಲಾವಣಿ ಹೆಚ್ಚೋ?"

ಅಣ್ಣ ಲೆಕ್ಕ ಹಾಕಿದ. ಲಾವಣಿಯೇ ಹೆಚ್ಚು ಬಂತು. ಬಡ್ಡಿ ಇಲ್ಲದ ಸಾಲ ಬಡ್ಡಿ ಇರುವ ಸಾಲಕ್ಕಿಂತ ತುಟ್ಟಿ ಎಂಬುದು ನಮ್ಮಿಬ್ಬರಿಗೂ ಆ ಊಟದ ಹೊತ್ತಿನಲ್ಲೇ ತಿಳಿಯಿತು. ತಾನು ಹುಟ್ಟಿ ಬೆಳೆದ ಪದ್ಧತಿಯನ್ನು ಅಷ್ಟು ಪ್ರೀತಿಯಿಂದ ನೆನೆಯುವವಳು, ಅದನ್ನೂ ತೂಗಿ ನೋಡದೆ ಬಿಡಲಿಲ್ಲ. ಇದು ನನಗೆ ಇಂದಿಗೂ ದೊಡ್ಡದಾಗಿ ಕಾಣುತ್ತದೆ. ನಾವೆಲ್ಲ ನಮ್ಮದು ಎಂದ ಕೂಡಲೇ ತಕ್ಕಡಿ ಒಳಗಿಡುವವರು.

ಅವಳು ಮಾಡಿದ್ದರಲ್ಲಿ ಯಾವುದೂ ಚಮತ್ಕಾರವಲ್ಲ. ಮರುವಾರ ಮತ್ತೆ ಬ್ಯಾಂಕಿಗೆ ಹೋದೆವು. ಹೊಸದಾಗಿ ಸಾಲ ಪಡೆಯುವವರಿಗೆ ನಮಗಿಂತ ಕಡಿಮೆ ಬಡ್ಡಿ ಇದೆಯೆಂದೂ, ಸ್ವಲ್ಪ ಶುಲ್ಕ ಕಟ್ಟಿದರೆ ಹಳಬರಿಗೂ ಅದು ಸಿಗುತ್ತದೆಂದೂ ಕೇಳಿ ತಿಳಿದಳು. ಕೇಳಿದವರಿಗೆ ಸಿಗುತ್ತದೆ, ಕೇಳದಿದ್ದವರಿಗೆ ಇಲ್ಲ. ಆಮೇಲೆ ಆ ಉಗಾದಿಯ ಲಾವಣಿ ಹಣ ತಂದು ಅಸಲಿಗೆ ಕಟ್ಟಿದಳು. ಕಂತು ಕಡಿಮೆ ಮಾಡಬೇಡಿ, ವರ್ಷ ಕಡಿಮೆ ಮಾಡಿ ಎಂದು ಬರೆದುಕೊಟ್ಟಳು. ನನ್ನ ಪಗಾರ ಏರಿದಾಗಲೆಲ್ಲ ಕಂತನ್ನೂ ಏರಿಸಿದಳು. ಜೇವರ್ಗಿಯ ಕೋಣೆಗೆ ಇನ್ನೊಬ್ಬ ಮಾಸ್ತರನನ್ನು ಪಾಲುದಾರನಾಗಿ ಸೇರಿಸಿಕೊಳ್ಳಲು ನನ್ನನ್ನು ಒಪ್ಪಿಸಿದಳು. ಆ ಪುಣ್ಯಾತ್ಮನ ಗೊರಕೆ ಜೇವರ್ಗಿ ಬಸ್ ಸ್ಟ್ಯಾಂಡಿನವರೆಗೆ ಕೇಳುತ್ತಿತ್ತು. ನಾನು ದೂರು ಹೇಳಿದರೆ, "ಒಂದೊಂದು ಗೊರಕಿಗಿ ಒಂದೊಂದು ದಿನ ಕಡಿಮಿ ಆಗ್ತದ ಅಂತ ತಿಳ್ಕೋರಿ" ಎನ್ನುತ್ತಿದ್ದಳು.

ನಾನು ಗೊಣಗುತ್ತಲೇ ಇದ್ದೆ. ಕಾರು ಕೊಳ್ಳುವ ಆಸೆ ನನ್ನದು, ಅದು ಆಸೆಯಾಗಿಯೇ ಉಳಿಯಿತು. ಆದರೆ ಆಸೆ ಬಿಟ್ಟದ್ದು ನಾನೊಬ್ಬನೇ ಅಲ್ಲ ಎಂದು ತಿಳಿಯಲು ನನಗೆ ಕೆಲವು ವರ್ಷ ಬೇಕಾಯಿತು. ಒಂದು ಎಳ್ಳಮಾಸಿಯಲ್ಲಿ ಹೊಲದ ಬನ್ನಿ ಗಿಡದ ಕೆಳಗೆ ಭಜ್ಜಿಪಲ್ಯ ಬಡಿಸುತ್ತಿದ್ದ ಅವಳನ್ನು ನೋಡುತ್ತ ಕೂತಿದ್ದೆ. ಅದೇ ಹಸಿರು ಇಳಕಲ್ಲ ಸೀರೆ. ಹೋದ ವರ್ಷವೂ ಅದೇ, ಅದರ ಹಿಂದಿನ ವರ್ಷವೂ ಅದೇ. ಲಾವಣಿ ಹಣ ಮನೆಗೆ ಹೋಗಲು ಶುರುವಾದ ಮೇಲೆ ಅವಳು ತನಗೆಂದು ಏನನ್ನೂ ಕೊಂಡಿರಲಿಲ್ಲ. ಉಣಿಸುವುದನ್ನು ಮಾತ್ರ ಒಂದು ವರ್ಷವೂ ಬಿಟ್ಟಿರಲಿಲ್ಲ. ನನ್ನ ಕಣ್ಣು ಒದ್ದೆಯಾದವು. ಹೊಗೆ ಎಂದೆ. ಒಲೆಯೇ ಇರಲಿಲ್ಲ, ಬುತ್ತಿ ಮನೆಯಿಂದ ಕಟ್ಟಿಕೊಂಡು ಬಂದಿದ್ದೆವು.

ಮೊನ್ನೆ ಉಗಾದಿಗೆ ಮುಂಚೆ ಸಾಲ ತೀರಿತು. ನನ್ನ ನಿವೃತ್ತಿಗೆ ಇನ್ನೂ ಒಂದು ವರ್ಷವಿದೆ. ಮನೆಯ ಕಾಗದಗಳನ್ನು ಬ್ಯಾಂಕಿನಲ್ಲಿ ವಾಪಸ್ ಪಡೆಯುವ ದಿನ ಅವಳು ಡಬ್ಬಿಯ ತುಂಬ ಶೇಂಗಾ ಹೋಳಿಗೆ ಮಾಡಿಕೊಂಡು ಬಂದಿದ್ದಳು. ಗಹಾಣ ಬಿಡಿಸಿಕೊಂಡ ಮನೆಯವರು ಹೊಲ ಹಿಡಿದಿದ್ದವನಿಗೆ ಉಣಿಸಿ ಕಳಿಸುವುದು ಅವರ ಮನೆಯ ಪದ್ಧತಿ. ಹಳೆಯ ಅಧಿಕಾರಿ ವರ್ಗವಾಗಿ ಹೋಗಿದ್ದ. ಹೊಸದಾಗಿ ಬಂದಿದ್ದ ಹುಡುಗಿ ಪರ ಊರಿನವಳು, ಯಾಕೆ ಕೊಟ್ಟರೆಂದು ತಿಳಿಯದೆ ತಿಂದಳು. ಎರಡನೆಯದನ್ನು ಕೇಳಿ ಪಡೆದಳು.

ಮನೆಗೆ ಬಂದ ಮೇಲೆ ನಾನು ಕೂತು ಅಲ್ಲಿಯವರೆಗೆ ಕಟ್ಟಿದ್ದನ್ನೆಲ್ಲ ಕೂಡಿಸಿದೆ. ಒಂದೂವರೆ ಮನೆಯ ಹಣ ಕೊಟ್ಟು ಒಂದು ಮನೆ ಪಡೆದಿದ್ದೆವು. ಅವಳು ಅಡ್ಡ ನಿಲ್ಲದಿದ್ದರೆ ಎರಡು ಮನೆ ದಾಟುತ್ತಿತ್ತು. "ನೋಡು, ಇದು ಈ ಮನೀದು ಖರೆ ಕಿಮ್ಮತ್ತು" ಎಂದು ದೊಡ್ಡ ಪಂಡಿತನಂತೆ ತೋರಿಸಿದೆ. ಅವಳು ನೋಡಿ, "ಇನ್ನೊಂದು ಬಿಟ್ಟೀರಿ" ಎಂದು ಹೊರಗೆ ನಡೆದಳು.

ಅಂಗಳದಲ್ಲಿ ಒಂದು ಗುದ್ದಲಿ ಇತ್ತು, ಪಕ್ಕದಲ್ಲಿ ಹಸಿ ಗೋಣಿ ಸುತ್ತಿದ ಮಾವಿನ ಸಸಿ. ಅತನೂರಿನಿಂದ ಅಣ್ಣನ ಕೈಲಿ ತರಿಸಿದ್ದಳಂತೆ.

"ಗಹಾಣದ ಹೊಲದಾಗ ಗಿಡ ಹಚ್ಚಂಗಿಲ್ರಿ" ಎಂದಳು. "ಹಿಡಿದವಗ ಅದು ತನ್ನ ಹೊಲ ಅಲ್ಲ, ಇಟ್ಟವನ ಕೈಯಾಗ ಹೊಲ ಇಲ್ಲ. ನಮ್ಮಪ್ಪ ಹೇಳ್ತಿದ್ದ. ಅವತ್ತು ನೀವು ಬೇವು ತಂದಾಗ ಹೇಳಿದ್ರ ನೀವು ನಗತಿದ್ರಿ."

ನಗುತ್ತಿದ್ದೆ, ಸುಳ್ಳಲ್ಲ. ನಾನು ರಸ್ತೆಯ ಆಚೆ ನೋಡಿದೆ. ನನ್ನ ತೊಡೆಯ ಮೇಲೆ ಕೂತು ಬಂದಿದ್ದ ಆ ಬೇವು ಈಗ ಎದುರು ಮನೆಯ ಮಾಳಿಗೆ ದಾಟಿ ಬೆಳೆದಿದೆ. ಬೇಸಿಗೆಯಲ್ಲಿ ನಾನು ಕುರ್ಚಿ ಎತ್ತಿಕೊಂಡು ಹೋಗಿ ಕೂರುವುದು ಅದರ ಕೆಳಗೇ. ಅಷ್ಟು ವರ್ಷದ ನೆರಳು ನಮ್ಮದಾಗಬಹುದಿತ್ತು. ಬ್ಯಾಂಕಿನ ಯಾವ ಚೀಟಿಯಲ್ಲೂ, ನಾನು ಕೂಡಿಸಿದ ಲೆಕ್ಕದಲ್ಲೂ ಅದು ಇರಲಿಲ್ಲ. ಅವಳು ಮಾತ್ರ ಮೊದಲ ದಿನದಿಂದ ಆ ನೆರಳನ್ನೂ ಕಂತಿನಂತೆ ಕಟ್ಟುತ್ತ ಬಂದಿದ್ದಳು.

ಹಾಳು ಬಾಯಿ ಸುಮ್ಮನಿರದೆ, "ಇದು ನೆರಳು ಕೊಡೋದು ಯಾವಾಗ, ಹಣ್ಣು ಬಿಡೋದು ಯಾವಾಗ? ನನಗ ಅರವತ್ತು ಆಗ್ಲಾಕ ಬಂತು" ಎಂದೆ.

ಅವಳು ಗುದ್ದಲಿ ನನ್ನ ಕೈಗೆ ಕೊಟ್ಟಳು.

"ಇಪ್ಪತ್ತು ವರ್ಷದ ಸಾಲಕ್ಕ ಸಹಿ ಹಾಕೋ ಮುಂದ ಒಂದು ಮಾತು ಕೇಳ್ಲಿಲ್ಲ ನೀವು. ಒಂದು ಗಿಡಕ್ಕ ಇಷ್ಟು ಕೇಳ್ತೀರೇನು? ಅಗೀರಿ."

ನಾನು ಅಗೆದೆ.