ಮರೆಪ್ಪನ ಹಿಮ್ಮೇಳ

ಅಂಥವನ ಹೆಗಲಿಗೆ ಶಾಲು ಬೇರೆ ಕೇಡು! ವರ್ತೂರಿನ ಅಪಾರ್ಟ್‌ಮೆಂಟಿನ ರಾಜ್ಯೋತ್ಸವಕ್ಕೆ ತನ್ನೂರಿನ ಧಣಿಯೇ ಮುಖ್ಯ ಅತಿಥಿ ಎಂದು ಕೇಳಿ, ಗೋಡೆಗೆ ಬಣ್ಣ ಬಳಿಯುತ್ತಿದ್ದ ಮರೆಪ್ಪ ಥೂ ಎಂದು ಉಗಿದ.

ಮರೆಪ್ಪ ಯಾದಗಿರಿ ಕಡೆಯ ಗೀಗೀ ಪದದವನು. ಹಾಡುವುದಷ್ಟೇ ಅಲ್ಲ, ಪದಗಳನ್ನು ತಾನೇ ಕಟ್ಟುತ್ತಿದ್ದ. ಧಣಿ ಊರ ಕೆರೆಯನ್ನು ನುಂಗಿ ಸೈಟು ಮಾಡಿದಾಗ ಅದರ ಮೇಲೊಂದು ಪದ ಕಟ್ಟಿದ. ಚುನಾವಣೆಯ ಹೊತ್ತಿಗೆ ಅದು ಮಕ್ಕಳ ಬಾಯಲ್ಲೂ ಇತ್ತು. ಆದರೂ ಧಣಿಯೇ ಗೆದ್ದ. ಗೆದ್ದವನ ಆಳುಗಳು ಮರೆಪ್ಪ ಬಡಿದು ಹಾಡುವ ದಪ್ಪು ಒಡೆದು, ಗುಡಿಸಲಿಗೆ ಬೆಂಕಿಯಿಟ್ಟು, ಊರಿಗೆ ಕಾಲಿಟ್ಟರೆ ಕಾಲು ಮುರಿಯುತ್ತೇವೆ ಎಂದರು. ಅಂದಿನಿಂದ ಬೆಂಗಳೂರಿನ ಅಂಚಿನ ಈ ವರ್ತೂರಿನ ತಗಡಿನ ಶೆಡ್ಡೇ ಗತಿ. ಪಕ್ಕದಲ್ಲಿ ನೊರೆ ಕಾರುವ ಕೆರೆ. ಇಲ್ಲಿ ಕೆರೆ ನುಂಗಿದವರ ಮೇಲೆಲ್ಲ ಪದ ಕಟ್ಟಲು ಒಂದು ಜನ್ಮ ಸಾಲದು!

ಕಟ್ಟಿದರೂ ಒಬ್ಬನೇ ಹಾಡುವುದು ಹೇಗೆ? ಮುಂದೆ ನಿಂತು ಹಾಡುವವನು ಬಿಟ್ಟ ಸೊಲ್ಲನ್ನು ನೆಲಕ್ಕೆ ಬೀಳಗೊಡದೆ 'ಗೀಯ ಗೀಯ' ಎಂದು ಎತ್ತಿಕೊಳ್ಳುವ ಹಿಮ್ಮೇಳದವನು ಬೇಕು. ಮರೆಪ್ಪನ ಹಿಮ್ಮೇಳದ ಬಸಲಿಂಗ ಈಗ ಧಣಿಯ ಬಾಲಬಡುಕ. ಧಣಿ ಹೋದಲ್ಲೆಲ್ಲ ತುಂತುಣಿ ಮೀಟಿ ಹೊಗಳುವ ನಾಚಿಕೆಗೆಟ್ಟವನು.

"ಒಂದು ಸ್ವಾಗತದ ಪದ ಹಾಡ್ಬಿಡಿ ಮರೆಪ್ಪ," ಎಂದರು ಅಪಾರ್ಟ್‌ಮೆಂಟ್ ಸಂಘದ ಗುರುರಾಜ್. "ನಿಮ್ಮ ಧಣಿಗಳ ಹತ್ರ ನಾನೇ ಮಾತಾಡಿದೀನಿ. ಹೊಗಳಿ ಹಾಡಿದ್ರೆ ಊರಿಗೆ ಬಿಟ್ಕೋತಾರಂತೆ. ಎಷ್ಟು ದೊಡ್ಡ ಮನಸ್ಸು ನೋಡಿ!"

ದೊಡ್ಡ ಮನಸ್ಸಂತೆ, ಮಣ್ಣಾಂಗಟ್ಟಿ! ಆದರೆ ಮರೆಪ್ಪನಿಗೆ ಊರು ಬೇಕಿತ್ತು, ಸುಳ್ಳೇಕೆ ಹೇಳಬೇಕು? ಹೊಗಳುವ ಪದ ಕಟ್ಟಿಕೊಂಡು, ಎರವಲು ದಪ್ಪು ಹಿಡಿದು ವೇದಿಕೆ ಹತ್ತಿದ. ತುಂತುಣಿ ಹಿಡಿದ ಬಸಲಿಂಗ ಮುಖ ತಗ್ಗಿಸಿ ಬೆನ್ನ ಹಿಂದೆ ನಿಂತ.

"ಮೊದ್ಲು ಕಾಲು ಮುಟ್ಟಲೇ, ಆಮ್ಯಾಲ ಹಾಡು," ಎಂದ ಧಣಿ ಕುರ್ಚಿಯಲ್ಲೇ ಕಾಲು ಚಾಚಿ.

ಮರೆಪ್ಪನ ಮೈಯೆಲ್ಲ ಉರಿಯಿತು. ಹೊಗಳಿಕೆ ಗಂಟಲಲ್ಲೇ ಉಳಿದು, ಹಳೆಯ ಪದವೇ ಹೊರಬಿತ್ತು.

"ಕೆರಿ ನುಂಗ್ಯಾನ ಧಣಿ, ತೇಗಲಿಲ್ಲ ನೋಡ..."

ಸೊಲ್ಲು ಮುಗಿಯುವಷ್ಟರಲ್ಲಿ ಬಸಲಿಂಗನ ಬಾಯಿ, ಧಣಿಯ ಅನ್ನ ಉಂಡ ಅದೇ ಬಾಯಿ, ಅಭ್ಯಾಸಬಲದಿಂದ ಎತ್ತಿಕೊಂಡಿತು: "ಗೀಯ ಗೀಯ ಗಾಗೀಯ!"

ಜನರ ಹಿಂದೆ ನಿಂತಿದ್ದ ಬಣ್ಣದ ಕೆಲಸದವರು ಸಿಳ್ಳೆ ಹೊಡೆದರು. ಧಣಿ ಎದ್ದು ನಡೆದ. ಅವನ ಕಾರು ಬಸಲಿಂಗನನ್ನು ಬಿಟ್ಟೇ ಹೊರಟಿತು.

"ಬಾಯಿ ತಪ್ತೋ ಮಾರಾಯ," ಗೇಟಿನ ಬಳಿ ಬಸಲಿಂಗ ಅಳತೊಡಗಿದ. "ನಾನೂ ಇನ್ನ ಊರಿಗಿ ಹ್ಯಾಂಗ ಹೋಗ್ಲಿ?"

"ಅಳಬ್ಯಾಡಲೇ ಹೇಡಿ. ಹುಟ್ಟಿದಾಗಿಂದ ಇವತ್ತೊಂದು ದಿನ ಬಾಯಿ ಸರಿಯಾಗಿ ಬಿಟ್ಟಿದಿ," ಎಂದ ಮರೆಪ್ಪ. "ಶೆಡ್ಡಿನ್ಯಾಗ ಜಾಗ ಅದ. ನಡಿ, ಪದ ಇನ್ನೂ ಮುಗಿದಿಲ್ಲ."