ಅಜ್ಜಿಗಾಗಿ ನಿಂತ ಸಿನಿಮಾ

ರಿಮೋಟಿನ ಮೇಲೆ ಎರಡು ಗೀಟುಗಳು ಅಕ್ಕಪಕ್ಕ ನಿಂತಿರುವ ಗುಂಡಿಯೊಂದಿದೆಯಲ್ಲ, ಅದನ್ನು ಕಂಡರೆ ನನಗೆ ಕೈಮುಗಿಯಬೇಕೆನ್ನಿಸುತ್ತದೆ. ನಗಬೇಡಿ. ಆಯುಧಪೂಜೆಯ ದಿನ ಮಚ್ಚು, ಸೈಕಲ್ಲಿನ ಜೊತೆ ರಿಮೋಟಿಗೂ ಕುಂಕುಮ ಬಳಿದು ಹೆಂಡತಿಯಿಂದ ಬೈಸಿಕೊಂಡವನು ನಾನು. ಇದಕ್ಕೆಲ್ಲ ಕಾರಣ ನಮ್ಮಜ್ಜಿ.

ನಮ್ಮದು ಕಾಮಸಮುದ್ರದ ಹತ್ತಿರದ ಹಳ್ಳಿ. ಅಜ್ಜಿಗೆ ಕನ್ನಡ, ತೆಲುಗು ಎರಡೂ ನೀರು ಕುಡಿದಷ್ಟು ಸಲೀಸು. ತಮಿಳು ಮಾತ್ರ ಹತ್ತಲಿಲ್ಲ. ಅವಳ ಮಗಳು, ನಮ್ಮ ಸರೋಜತ್ತೆ, ಮದುವೆಯಾಗಿ ಕೆಜಿಎಫ್ ಸೇರಿದವಳು, ನೆರೆಹೊರೆಯವರಿಂದ ತಮಿಳು ಕಲಿತಿದ್ದಳು. ಎಪ್ಪತ್ತರ ದಶಕದಲ್ಲಿ ಅತ್ತೆ ಮನೆಗೆ ಹೋದಾಗಲೆಲ್ಲ ಟೆಂಟಿನಲ್ಲಿ ತಮಿಳು ಸಿನಿಮಾ. ಅತ್ತೆ ಅಜ್ಜಿಯ ಕಿವಿಯಲ್ಲಿ ಅರ್ಥ ಹೇಳುತ್ತ ಕೂರುವಳು. ಗಮಕದಲ್ಲಾದರೆ ಒಬ್ಬರು ಪದ್ಯ ಹಾಡಿ ನಿಲ್ಲಿಸುತ್ತಾರೆ, ಇನ್ನೊಬ್ಬರ ವ್ಯಾಖ್ಯಾನ ಮುಗಿಯುವವರೆಗೆ ಕಾವ್ಯ ಕಾಯುತ್ತದೆ. ಟೆಂಟಿನ ರೀಲಿಗೆ ಅಂಥ ಸೌಜನ್ಯವೆಲ್ಲಿ? ಹಾಸ್ಯಗಾರನ ಮಾತು ಕನ್ನಡಕ್ಕಿಳಿಯುವಷ್ಟರಲ್ಲಿ ಕಥೆ ಮುಂದಕ್ಕೋಡಿರುತ್ತಿತ್ತು.

ಒಮ್ಮೆ ತೆರೆಯ ಮೇಲೆ ನಾಯಕನ ತಾಯಿ ಪ್ರಾಣ ಬಿಡುತ್ತಿರುವಾಗ ಅಜ್ಜಿ ಹಿಂದಿನ ಜೋಕಿಗೆ ಗೊಳ್ಳೆಂದು ನಕ್ಕುಬಿಟ್ಟಳು. ಮುಂದೆ ಅಳುತ್ತ ಕೂತಿದ್ದ ಹೆಂಗಸು ತಿರುಗಿ ತಮಿಳಿನಲ್ಲಿ ಬೈದಳು. ಆ ತಮಿಳು ಅರ್ಥವಾಗಲು ಮಾತ್ರ ಅಜ್ಜಿಗೆ ಅತ್ತೆ ಬೇಕಾಗಲಿಲ್ಲ. ಸೆರಗು ಬಾಯಿಗಿಟ್ಟುಕೊಂಡಳು. "ನೀವೋಗ್ರಿ, ನಂಗ್ಯಾಕೆ ಸಿನ್ಮಾ" ಎನ್ನುವುದು ಆಮೇಲೆ ರೂಢಿಯಾಯಿತು. ನಗುವೆಂದರೆ ಪ್ರಾಣ ಬಿಡುತ್ತಿದ್ದವಳು ನಾಲ್ಕು ಜನರ ನಡುವೆ ನಗಲು ಹೆದರಿದ್ದು ಕಂಡು ನನಗೆ ಸಂಕಟವಾಗುತ್ತಿತ್ತು.

ಮುಂದೆ ವೀಡಿಯೊ ಕ್ಯಾಸೆಟ್ಟು ಬಂತು. ನಿಲ್ಲಿಸಿದರೆ ಚಿತ್ರಕ್ಕೆ ಚಳಿಜ್ವರ ಬಂದಂತೆ ನಡುಕ. ಟೇಪು ಸವೆಯುತ್ತದೆಂದು ಅಂಗಡಿಯವನ ಬೈಗುಳ ಬೇರೆ. ತೊಂಬತ್ತರ ದಶಕದ ಕೊನೆಗೆ ಬಂಗಾರಪೇಟೆಯಲ್ಲಿ ಸಿನಿಮಾದ ಸಿ.ಡಿ.ಗಳು ಬಾಡಿಗೆಗೆ ಸಿಗತೊಡಗಿದವು. ಸಿನಿಮಾವನ್ನೆಲ್ಲ ಅಂಕಿಗಳಾಗಿ ಬರೆದಿರುತ್ತಾರಂತೆ. ಅದು ಹೇಗೆಂದು ಇಂದಿಗೂ ನನ್ನ ತಲೆಗೆ ಹತ್ತಿಲ್ಲ. ಮನೆಮಂದಿಗೆಲ್ಲ ವಿವರಿಸಲು ಅದೇನೂ ಅಡ್ಡಿಯಾಗಲಿಲ್ಲ.

ಅತ್ತೆ ಊರಿಗೆ ಬಂದಿದ್ದ ಒಂದು ಭಾನುವಾರ ಮಧ್ಯಾಹ್ನ, ಅಜ್ಜಿಯನ್ನು ಬಲವಂತವಾಗಿ ಕೂರಿಸಿ ತಮಿಳು ಹಾಸ್ಯಚಿತ್ರ ಹಾಕಿದೆ. ಮೊದಲ ಜೋಕು ಮುಗಿಯಿತೋ ಇಲ್ಲವೋ ಗುಂಡಿ ಒತ್ತಿದೆ. ಹಾಸ್ಯಗಾರ ಬಾಯಿ ತೆರೆದವನು ತೆರೆದಂತೆಯೇ ನಿಂತ, ಒಂದಿಷ್ಟೂ ನಡುಗದೆ. ಅತ್ತೆ ನಿಧಾನವಾಗಿ, ಕೈಬಾಯಿ ತಿರುಗಿಸಿ ಅರ್ಥ ಹೇಳಿದಳು. ಅರೆಬರೆ ತಮಿಳು ಬಲ್ಲ ನಾವೆಲ್ಲ ಅಲ್ಲಿಯವರೆಗೆ ತುಟಿ ಕಚ್ಚಿಕೊಂಡು ಕಾದೆವು. ಅಜ್ಜಿ ನಕ್ಕಳು. ಅವಳ ಜೊತೆಗೆ ಇಡೀ ಮನೆ ನಕ್ಕಿತು.

ಅಜ್ಜಿ ಟೀವಿಯನ್ನೇ ದಿಟ್ಟಿಸಿದಳು. "ಅವ್ನ್ಯಾಕ್ಲಾ ಅಂಗೇ ನಿಂತವ್ನೆ?"

"ನಿಂಗೋಸ್ಕರ ಅಜ್ಜಿ. ನೀನು ನಕ್ಕಾದ್ಮೇಲೇನೆ ಅವ್ನು ಮುಂದಕ್ಕೋಗೋದು."

ಆ ಸಿನಿಮಾ ಮುಗಿಯುವಾಗ ದೀಪ ಹಚ್ಚುವ ಹೊತ್ತಾಗಿತ್ತು. ಯಂತ್ರಗಳು ಬಂದು ಬದುಕಿಗೆ ಓಟ ಹತ್ತಿಸಿದವೆಂದು ಬೈಯುವವರು ಬೈಯಲಿ, ನನ್ನ ತಕರಾರಿಲ್ಲ. ನನಗೆ ನೆನಪಿರುವುದು ಅಜ್ಜಿ ನಕ್ಕು ನಕ್ಕು ಒದ್ದೆಯಾದ ಕಣ್ಣೊರೆಸಿಕೊಳ್ಳುತ್ತ ಅಂದ ಮಾತು: "ಕೈ ಅಡ್ಡ ಇಟ್ರೂ ಬಸ್ಸೇ ನಿಲ್ಸಲ್ಲ ಕಣ್ಲಾ ನಂಗೆ. ಇಷ್ಟ್ ದೊಡ್ಡ ಸಿನ್ಮಾ ನಿಂತದಲ್ಲಪ್ಪ!"